ಬಾಡಿಗೆ ಕುಂಡಗಳ ನಡುವೆ ಶಾಮರಾಯರು

ಮೊನ್ನೆ ದಿಲ್ಲಿಯ ಕಿದ್ವಾಯಿ ನಗರಕ್ಕೆ ಒಂದು ಕೊಟೇಶನ್ ಕೊಡಲು ಹೋಗಿದ್ದೆ. ಹಳದಿ ಬಣ್ಣದ ಎರಡಂತಸ್ತಿನ ಸರ್ಕಾರಿ ಕ್ವಾರ್ಟರ್ಸುಗಳಿದ್ದ ಜಾಗದಲ್ಲಿ ಈಗ ಕತ್ತು ನೋಯುವಷ್ಟು ಎತ್ತರದ ಕಟ್ಟಡಗಳು. ಅಲ್ಲಿಯ ಮ್ಯಾನೇಜರು ಮೂವತ್ತು ದಾಟದವನು. ಸಿಮೆಂಟು ಹಾಸಿನ ಮೇಲೆ ಕುಂಡಗಳನ್ನಿಟ್ಟು ‘ಕಾಡಿನೊಳಗೆ ನಡೆದ ಅನುಭವ’ ಮಾಡಿಕೊಡಬೇಕು ಎಂದ. ಆಗಲಿ ಎಂದೆ. ಗಿರಾಕಿ ಕುಂಡವನ್ನು ಕಾಡು ಎಂದು ಕರೆದರೆ ನಾವು ತಿದ್ದಲು ಹೋಗಬಾರದು, ಕಾಡಿನ ದರ ಹೇಳಬೇಕು.

ಮಾತು ನಡೆಯುತ್ತಿರುವಾಗ ಕೂಲಿಯವರಿಗೆ ಚಹಾ ತಂದಿದ್ದವನು ಕೆಟಲಿನ ತಳದ ಚರಟವನ್ನು ಪಕ್ಕದಲ್ಲಿದ್ದ ಒಣ ಎಲೆಗಳ ಗುಡ್ಡೆಯ ಮೇಲೆ ಸುರಿದ. ಬಿಸಿ ಚಹಾಪುಡಿ, ಒಣಗಿದ ಆಲದೆಲೆ, ಎರಡೂ ಸೇರಿ ಎದ್ದ ಆ ಒಗರು ವಾಸನೆ ಮೂಗಿಗೆ ಬಡಿದದ್ದೇ ತಡ, ಹೇಳಬೇಕೆಂದುಕೊಂಡಿದ್ದ ದರ ನಾಲಿಗೆಯಿಂದ ಜಾರಿತು. ಇಷ್ಟು ವರ್ಷದ ವ್ಯಾಪಾರದಲ್ಲಿ ಹಾಗಾದದ್ದು ಅದೇ ಮೊದಲು. ನೆನಪಾದದ್ದು ಎರಡು ಸಾವಿರದ ಆರರ ಮಳೆಗಾಲ. ಆ ವರ್ಷ ನಾನು ಇಂಥವೇ ಎಲೆಗಳನ್ನು ಚಹಾದಲ್ಲಿ ಅದ್ದಿ ಒಂದು ಸಿನಿಮಾಕ್ಕೆ ಮಾರಿದ್ದೆ. ಎಲೆ ಮಾರಿದ್ದಕ್ಕೆ ನನಗೇನೂ ನಾಚಿಕೆಯಿಲ್ಲ. ಎಲೆಗಳ ಜೊತೆಗೆ ಒಬ್ಬ ಮನುಷ್ಯನನ್ನೂ ಕೊಟ್ಟೆ. ಅದನ್ನು ಬರೆಯಲೇಬೇಕು.

ನನ್ನ ವ್ಯಾಪಾರ ಕುಂಡದ ಗಿಡಗಳನ್ನು ಬಾಡಿಗೆಗೆ ಕೊಡುವುದು. ದಿಲ್ಲಿಯಲ್ಲಿ ಮಂತ್ರಿ ಬರಲಿ, ಮದುವೆಯಾಗಲಿ, ಸೆಮಿನಾರಾಗಲಿ, ವೇದಿಕೆಯ ಮುಂದೆ ಸಾಲಾಗಿ ಹಸಿರು ಬೇಕು. ಬೆಳಿಗ್ಗೆ ಇಳಿಸುತ್ತೇವೆ, ಸಂಜೆ ಎತ್ತಿಕೊಂಡು ಬರುತ್ತೇವೆ. ತಿಪಟೂರಿನಿಂದ ಒಬ್ಬ ಅಧಿಕಾರಿಯ ಮನೆಯ ಅಡಿಗೆಗೆ ಸಹಾಯಕನಾಗಿ ಬಂದವನು ನಾನು. ಅವರ ಮನೆಯ ಕುಂಡಗಳಿಗೆ ನೀರು ಹಾಕುತ್ತ, ಆಮೇಲೆ ಅವರ ಆಫೀಸಿನ ಕುಂಡಗಳಿಗೆ ನೀರು ಹಾಕುತ್ತ, ಕೊನೆಗೆ ಆ ಆಫೀಸಿಗೇ ಕುಂಡ ಬಾಡಿಗೆಗೆ ಕೊಟ್ಟೆ. ವಸಂತ್ ಕುಂಜ್‌ನ ರಸ್ತೆ ಬದಿಯಲ್ಲಿ ಸ್ವಂತ ನರ್ಸರಿ ಮಾಡಿದೆ. ನಂಜುಂಡಪ್ಪ ಎಂಬ ಹೆಸರು ದಿಲ್ಲಿಯವರ ಬಾಯಲ್ಲಿ ನಿಲ್ಲದೆ ‘ಗಮಲಾವಾಲೇ ಅಪ್ಪಾಜಿ’, ಅಂದರೆ ಕುಂಡದ ಅಪ್ಪಾಜಿ, ಆಗಿದ್ದೇನೆ.

ಈ ಏಳಿಗೆಯಲ್ಲಿ ನನ್ನದಲ್ಲದ ಒಂದೇ ಒಂದು ಸಾಲಿದೆ. ನನ್ನ ಮೊದಲ ಟೆಂಡರಿನ ಅರ್ಜಿಯನ್ನು ಬರೆದುಕೊಟ್ಟವರು ಶಾಮರಾಯರು. ಆಗ ಅವರು ಒಂದು ಮಂತ್ರಾಲಯದಲ್ಲಿ ಅಸಿಸ್ಟೆಂಟು. ನಾನು ಹೇಳಿದ್ದನ್ನೆಲ್ಲ ಬರೆದು ಮುಗಿಸಿ, ಕೊನೆಗೆ ತಾವಾಗಿಯೇ ‘ಗಿಡ ಸತ್ತರೆ ಇಪ್ಪತ್ತನಾಲ್ಕು ಗಂಟೆಯೊಳಗೆ ಬದಲಿ ಗಿಡ’ ಎಂದು ಸೇರಿಸಿದರು. ನನಗಿಂತ ಕಡಿಮೆ ದರ ಹಾಕಿದ್ದವರು ಇದ್ದರು. ಆ ಸಾಲಿನಿಂದಲೇ ಕೆಲಸ ನನಗೆ ಬಂತು. ಅಂದಿನಿಂದ ಪ್ರತಿ ಭಾನುವಾರ ಕಿದ್ವಾಯಿ ನಗರದ ಅವರ ಕ್ವಾರ್ಟರ್ಸಿಗೆ ಒಂದು ಹಿಡಿ ಕರಿಬೇವು ಒಯ್ದು ಕೊಟ್ಟು, ಅವರ ಹೆಂಡತಿ ಇಂದಿರಮ್ಮ ಕೊಟ್ಟ ಕಾಫಿ ಕುಡಿದು ಬರುತ್ತಿದ್ದೆ.

ಎರಡು ಸಾವಿರದ ಆರರ ಹೊತ್ತಿಗೆ ರಾಯರು ಸೆಕ್ಷನ್ ಆಫೀಸರ್. ಮುಂದಿನ ಜನವರಿ ಮೂವತ್ತೊಂದಕ್ಕೆ ನಿವೃತ್ತಿ. ಮಕ್ಕಳಿಲ್ಲ. ಮತ್ತು ರಾಯರಿಗೆ ಮರೆವು ಬಂದಿತ್ತು. ಕನ್ನಡಕ ಎಲ್ಲಿಟ್ಟೆ ಎನ್ನುವಂಥ ಮರೆವಲ್ಲ. ಬಸ್ಸಿನಿಂದಿಳಿದು ಯಾವ ಕಡೆ ಹೋಗಬೇಕೆಂದು ನಿಂತುಬಿಡುವುದು, ನಿನ್ನೆ ತಾವೇ ಬರೆದ ಟಿಪ್ಪಣಿಯನ್ನು ಯಾರದಿದು ಎಂದು ಕೇಳುವುದು. ಇಂದಿರಮ್ಮ ಇದನ್ನು ಆಫೀಸಿಗೆ ತಿಳಿಯದಂತೆ ಮುಚ್ಚಿಟ್ಟಿದ್ದರು. ತಿಳಿದರೆ ಮೆಡಿಕಲ್ ಬೋರ್ಡಿಗೆ ಕಳಿಸುತ್ತಾರೆ. ಬೋರ್ಡು ಬರೆದುಕೊಟ್ಟರೆ ರಾಯರು ಕಳೆದೆರಡು ವರ್ಷದಲ್ಲಿ ಸಹಿ ಹಾಕಿದ ಫೈಲನ್ನೆಲ್ಲ ಹೊರಗೆ ತೆಗೆಯುತ್ತಾರೆ. ಒಂದರಲ್ಲಿ ತಪ್ಪು ಸಿಕ್ಕರೂ ವಿಚಾರಣೆ, ವಿಚಾರಣೆ ಮುಗಿಯುವವರೆಗೆ ಪೆನ್ಶನ್ನಿಗೆ ತಡೆ. ಇದು ಅವರ ಭಯ. ಕಾಯಿದೆ ಹಾಗೆಯೇ ಇದೆಯೋ ಇಲ್ಲವೋ ನನಗೆ ತಿಳಿಯದು. ಆದರೆ ಆಫೀಸುಗಳನ್ನು ನಾನು ಬಲ್ಲೆ. ಸತ್ತ ಗಿಡಕ್ಕೂ ವಿವರಣೆ ಕೇಳುವವರು ಅವರು.

ಹೀಗಾಗಿ ಕಾಲೊನಿಯ ನಾಲ್ಕು ಜನ ಸೇರಿ ಒಂದು ಏರ್ಪಾಡು ಮಾಡಿಕೊಂಡಿದ್ದರು. ಬೆಳಗಿನ ಚಾರ್ಟರ್ಡ್ ಬಸ್ಸಿನಲ್ಲಿ ಇಸ್ಪೀಟಾಡುವ ಗುಂಪು ರಾಯರನ್ನು ಇಬ್ಬರ ನಡುವೆ ಕೂರಿಸಿಕೊಂಡು ಅವರ ಕೈಗೂ ಎಲೆ ಕೊಡುತ್ತಿತ್ತು. ಇಳಿದ ಮೇಲೆ ಒಬ್ಬರು ಅವರನ್ನು ಮೇಜಿನವರೆಗೆ ಬಿಡುತ್ತಿದ್ದರು. ಅಲ್ಲಿ ನೇಗಿ ಎಂಬ ಗಢವಾಲಿ ಅಸಿಸ್ಟೆಂಟು ರಾಯರು ಬರೆದದ್ದನ್ನೆಲ್ಲ ಮೇಲಕ್ಕೆ ಹೋಗುವ ಮುಂಚೆ ಓದಿ ಸರಿಮಾಡುತ್ತಿದ್ದ. ಸರ್ಕಾರ ನಡೆಯುವುದು ಹೀಗೆ. ದೊಡ್ಡವರ ಭಾಷಣದಿಂದ ನಡೆಯುತ್ತದೆ ಎಂದುಕೊಂಡವರು ಒಂದು ದಿನ ಚಾರ್ಟರ್ಡ್ ಬಸ್ಸು ಹತ್ತಿ ನೋಡಲಿ.

ಜುಲೈ ತಿಂಗಳು. ಮಳೆ ಬರುತ್ತೇನೆ ಬರುತ್ತೇನೆ ಎಂದು ಆಡಿಸುತ್ತಿತ್ತು. ಅಂಗಿ ಬೆನ್ನಿಗಂಟುವ ಸೆಕೆ. ಆ ವರ್ಷ ಕೋರ್ಟಿನ ಆದೇಶದಿಂದ ಊರೆಲ್ಲ ಅನಧಿಕೃತ ಅಂಗಡಿಗಳಿಗೆ ಬೀಗಮುದ್ರೆ ಬೀಳುತ್ತಿತ್ತು, ನನ್ನ ನರ್ಸರಿಗೂ ಎಂದು ಬೀಳುತ್ತದೋ ಎಂದು ದಿನ ಬೆಳಗಾದರೆ ಎದೆ ಹಿಡಿದುಕೊಂಡು ಬಾಗಿಲು ತೆಗೆಯುತ್ತಿದ್ದೆ. ಅಂಥದ್ದೊಂದು ಮಧ್ಯಾಹ್ನ ಅದಿತಿ ಬಂದಳು. ವಸಂತ್ ಕುಂಜ್‌ನಲ್ಲೇ ಮೇಲಿನ ಮಹಡಿಯ ಫ್ಲಾಟು, ಅಪ್ಪ ಕನ್ನಡದವರು, ವಿಶ್ವವಿದ್ಯಾಲಯದಲ್ಲಿ ಪ್ರೊಫೆಸರು. ಮಗಳು ಹೊರದೇಶದಲ್ಲಿ ಸಿನಿಮಾ ಓದಿಕೊಂಡು ಬಂದು, ಯಾವುದೋ ಸಂಸ್ಥೆಯಿಂದ ಧನಸಹಾಯ ಪಡೆದು, ನೆನಪು ಮತ್ತು ಪ್ರಕೃತಿಯ ಬಗ್ಗೆ ಒಂದು ಕಿರುಚಿತ್ರ ಮಾಡಲಿದ್ದಳು. ಪ್ರಯೋಗಾತ್ಮಕ ಎಂದಳು. ಕತೆ ಏನಮ್ಮ ಎಂದು ಕೇಳಿದೆ. ಕತೆಯಿಲ್ಲ ಎಂದು ಹೆಮ್ಮೆಯಿಂದ ಹೇಳಿದಳು. ಪ್ರಕೃತಿಯ ಸಿನಿಮಾವನ್ನು ಮನೆಯ ತಾರಸಿಯ ಮೇಲೆ, ನನ್ನ ಬಾಡಿಗೆ ಕುಂಡಗಳನ್ನಿಟ್ಟು ತೆಗೆಯುತ್ತಾಳಂತೆ. ಮೈಲಿ ದೂರದಲ್ಲಿ ಜಾಲಿ ಗಿಡದ ಕಾಡು ಬಿದ್ದಿದೆ, ನವಿಲು ಕೂಗುತ್ತವೆ, ಅಲ್ಲಿಗೆ ಹೋಗಬಾರದೇ ಎಂದರೆ ಅಲ್ಲಿ ಬೆಳಕು ತನ್ನ ಮಾತು ಕೇಳುವುದಿಲ್ಲ ಎಂದಳು.

ಅವಳಿಗೆ ಬೇಕಾದದ್ದು ‘ನೆನಪಿರುವ ಗಿಡಗಳು’. ಚೆನ್ನಾಗಿ ಬೆಳೆದ ಫೈಕಸ್ ತೋರಿಸಿದೆ, ಮೂಗು ಮುರಿದಳು. ಹಿಂದುಗಡೆ ಎಸೆಯಲು ಇಟ್ಟಿದ್ದ, ಅರ್ಧ ಒಣಗಿದ ರಬ್ಬರ್ ಗಿಡಗಳನ್ನು ಕಂಡು ಅವಳ ಕಣ್ಣು ಅರಳಿತು. ಅವುಗಳಿಗೆ ಒಳ್ಳೆಯ ಗಿಡಕ್ಕಿಂತ ಹೆಚ್ಚಿನ ಬಾಡಿಗೆ ಹೇಳಿದೆ, ಒಪ್ಪಿದಳು. ವ್ಯಾಪಾರ ಕಲಿಯುವವರು ಇದನ್ನು ಗಮನಿಸಬೇಕು: ಓದಿದವರ ಹತ್ತಿರ ಮಾಲಿನ ಗುಣ ಹೇಳಿ ಕೆಡಬೇಡಿ, ಮಾಲಿನ ದುಃಖ ಹೇಳಿ. ಆಮೇಲೆ ಒಣ ಎಲೆ ಬೇಕು ಎಂದಳು. ದಿಲ್ಲಿಯಲ್ಲಿ ಎಲೆ ಉದುರುವುದು ಮಾರ್ಚಿನಲ್ಲಿ. ಅವೆಲ್ಲ ಆಗಲೇ ನನ್ನ ಗುಂಡಿಯಲ್ಲಿ ಗೊಬ್ಬರವಾಗಿದ್ದವು. ಸಿಗುತ್ತದೆ ಎಂದು ಹೇಳಿ, ಹಸಿ ಆಲದೆಲೆಗಳನ್ನು ಟಾರ್ಪಾಲಿನ ಮೇಲೆ ಮೂರು ದಿನ ಒಣಗಿಸಿ, ಬಸ್ ಸ್ಟಾಪಿನ ಚಹಾದವನಿಂದ ಚರಟ ತಂದು ಕುದಿಸಿ, ಅದರಲ್ಲಿ ಅದ್ದಿ ತೆಗೆದೆ. ಕಂದು ಬಣ್ಣ ಚೆನ್ನಾಗಿ ಹಿಡಿಯಿತು. ನಾಲ್ಕು ಗೋಣಿಚೀಲ. ಅವಳು ಒಂದು ಎಲೆ ಹಿಡಿದು ಮೂಸಿ, “ಅಂಕಲ್, ಇದ್ರಲ್ಲಿ ಟೈಮ್ ಇದೆ” ಎಂದಳು. ಮೂರು ದಿನ ಮಗಾ, ಎಂದು ಮನಸ್ಸಿನಲ್ಲೇ ಅಂದುಕೊಂಡೆ.

ಇನ್ನು ಬೇಕಾದದ್ದು ಒಬ್ಬ ವಯಸ್ಸಾದ ಮನುಷ್ಯ. ನಾಟಕದವರು ಇಬ್ಬರು ಬಂದು ಹೋದರು. ಇಬ್ಬರೂ ಮರೆತವರಂತೆ ನಟಿಸುತ್ತಾರೆ ಎಂದು ಅವಳ ದೂರು. ನಟಿಸದೆ, ಸುಮ್ಮನೆ ಕೂತು ನೋಡುವವರು ಯಾರಾದರೂ ಇದ್ದಾರೆಯೇ ಎಂದು ನನ್ನನ್ನು ಕೇಳಿದಳು. ಆ ಕ್ಷಣದಲ್ಲಿ ನನ್ನ ತಲೆಯಲ್ಲಿ ಎರಡು ಲೆಕ್ಕ ಒಟ್ಟಿಗೆ ಓಡಿದವು, ಎರಡನ್ನೂ ಹೇಳಿಬಿಡುತ್ತೇನೆ. ಒಂದು, ಇಂದಿರಮ್ಮ ಭಾನುವಾರವೂ ಮನೆ ಬಿಟ್ಟು ಕದಲುವಂತಿರಲಿಲ್ಲ. ರಾಯರು ಬಾಗಿಲು ತೆಗೆದುಕೊಂಡು ಹೊರಟುಬಿಡುತ್ತಿದ್ದರು. ಬೇರೆ ಯಾರಾದರೂ ಅವರನ್ನು ಊಟ ಹಾಕಿ ಕೂರಿಸಿಕೊಂಡರೆ ಆಕೆಗೆ ನಾಲ್ಕು ಗಂಟೆ ಉಸಿರಾಡಲು ಸಿಗುತ್ತದೆ. ಇನ್ನೊಂದು, ಅದಿತಿಯ ಅಪ್ಪ ಅವರ ವಿಭಾಗದ ಸಭಾಂಗಣಕ್ಕೆ ವರ್ಷಪೂರ್ತಿ ಕುಂಡ ಇಡುವ ಕೆಲಸ ಕೊಡಿಸಬಲ್ಲವರಾಗಿದ್ದರು.

ಇಂದಿರಮ್ಮ ಒಪ್ಪಲಿಲ್ಲ. ಫೋಟೋ, ಸಿನಿಮಾ ಎಲ್ಲ ಬೇಡ, ಯಾರಾದರೂ ನೋಡಿಯಾರು ಎಂದರು. ನಾನು ನಕ್ಕುಬಿಟ್ಟೆ. ಆ ಸಿನಿಮಾದ ವಿಷಯ ವಿವರಿಸಿ ಹೇಳಿದೆ: ಕತೆಯಿಲ್ಲ, ಮಾತಿಲ್ಲ, ಹಾಡಿಲ್ಲ, ರಬ್ಬರ್ ಗಿಡವನ್ನು ಮೂರು ನಿಮಿಷ ಅಲ್ಲಾಡದೆ ತೋರಿಸುತ್ತಾಳೆ.

“ಇಂಥದ್ದನ್ನ ಯಾರಮ್ಮ ನೋಡ್ತಾರೆ? ತೆಗೆದವಳೂ ಎರಡನೇ ಸಲ ನೋಡಲ್ಲ. ನನ್ನ ಮಾತು.”

ಇಂದಿರಮ್ಮ, “ನಿಮ್ಮ ಮಾತು ಅಂದ್ರೆ ಸರಿ” ಎಂದರು. ವ್ಯಾಪಾರದಲ್ಲಿ ನಾನು ಎದುರಿನವನನ್ನು ಎಂದೂ ಹಗುರವಾಗಿ ಎಣಿಸಿದವನಲ್ಲ. ಅಂದು ಎಣಿಸಿದೆ. ನನಗೆ ಬೇಡದ ಮಾಲಿಗೆ ಬೇರೆ ಗಿರಾಕಿ ಇರುವುದಿಲ್ಲ ಎಂದುಕೊಳ್ಳುವುದು ಹೊಸಬರು ಮಾಡುವ ತಪ್ಪು.

ನಾಲ್ಕು ಭಾನುವಾರ ಶೂಟಿಂಗ್ ನಡೆಯಿತು. ನನ್ನ ಟೆಂಪೋದಲ್ಲೇ ರಾಯರನ್ನು ಕರೆತಂದು ಕರೆದೊಯ್ಯುತ್ತಿದ್ದೆ. ತಾರಸಿಯ ಮೇಲೆ ಕಪ್ಪು ನೀರಿನ ಟ್ಯಾಂಕು, ಅದಕ್ಕೆ ಬೂದು ಬಟ್ಟೆ ಹೊದಿಸಿ ಅದು ಬೆಟ್ಟ ಎಂದಳು. ಎರಡು ನಿಮಿಷಕ್ಕೊಮ್ಮೆ ತಲೆಯ ಮೇಲೆ ವಿಮಾನ. ಮೊದಲ ದಿನ ಆ ಸದ್ದಿಗೆ ತಲೆ ಚಚ್ಚಿಕೊಂಡವಳು ಎರಡನೆಯ ವಾರ ಅದು ವಲಸೆ ಹೋಗುವ ನೆನಪು ಎಂದು ಅದನ್ನೂ ಸೇರಿಸಿಕೊಂಡಳು. ಕ್ಯಾಮರಾ ಹಿಡಿದವನು ಎಲೆಗಳ ಮೇಲೆ ಹೊಟ್ಟೆಯಡಿಯಾಗಿ ಮಲಗಿ ಒಂದು ಇರುವೆಯನ್ನು ಅರ್ಧ ಗಂಟೆ ಹಿಂಬಾಲಿಸಿದ. ನನ್ನ ನರ್ಸರಿಯಲ್ಲಿ ಯಾರಾದರೂ ಹಾಗೆ ಮಲಗಿದ್ದರೆ ಸಂಜೆಯೊಳಗೆ ಕೆಲಸದಿಂದ ತೆಗೆಯುತ್ತಿದ್ದೆ. ನೀರು ಸಿಂಪಡಿಸು ಎಂದರು, ಸಿಂಪಡಿಸಿದೆ. ಚಹಾ ಬಣ್ಣ ಕರಗಿ ನೆಲವೆಲ್ಲ ಕಂದಾಯಿತು. ಅದನ್ನು ಕಂಡು ಅವಳು ಉಸಿರು ಬಿಗಿಹಿಡಿದು “ಮಣ್ಣು ಅಳ್ತಾ ಇದೆ” ಎಂದು ಪಿಸುಗುಟ್ಟಿದಳು.

ರಾಯರು ಮಾತ್ರ ಯಾರ ಗೊಡವೆಗೂ ಹೋಗಲಿಲ್ಲ. ಮೊದಲೆರಡು ವಾರ ಬೆತ್ತದ ಕುರ್ಚಿಯಲ್ಲಿ ಕೂತು ಗಿಡಗಳನ್ನು ನೋಡಿದರು. ಮೂರನೆಯ ವಾರ ಬಗ್ಗಿ ಒಂದು ಎಲೆ ಎತ್ತಿಕೊಂಡರು. ಅದನ್ನು ಮುಂದೆ ಹಿಡಿದು ಓದಿದರು. ಬೆರಳನ್ನು ನಾಲಿಗೆಗೆ ತಾಗಿಸಿ ಇನ್ನೊಂದು ಎತ್ತಿದರು. ದೊಡ್ಡವು ಒಂದು ಕಡೆ, ಸಣ್ಣವು ಒಂದು ಕಡೆ, ತೂತಾದವು ಮತ್ತೊಂದು ಕಡೆ. ಅಂಚು ಸರಿಮಾಡಿ ಕಟ್ಟು ಮಾಡಿದರು. ಕೊನೆಗೆ ಮೇಲಿನ ಎಲೆಯ ಕೆಳಮೂಲೆಯಲ್ಲಿ ಬೆರಳಿನಿಂದಲೇ ಸಹಿ ಹಾಕಿದರು. ಕ್ಯಾಮರಾ ಓಡುತ್ತಿತ್ತು. ಅದಿತಿ ಹಿಂದಿನಿಂದ ಮೆಲ್ಲಗೆ, ಏನು ಮಾಡ್ತಾ ಇದೀರಾ ತಾತ ಎಂದು ಕೇಳಿದಳು. ರಾಯರು ಕ್ಯಾಮರಾದತ್ತ ತಿರುಗಿದರು.

“ಸಹಿ ನಂದೇ. ಕಾಗದ ಏನು ಅಂತ ನೆನಪಿಲ್ಲ. ದಿನಾ ಹಾಕ್ತೀನಿ.”

ಅವಳಿಗೆ ಕಣ್ಣು ತುಂಬಿ ಬಂತು. ನಾನು ಪೈಪು ಸುತ್ತುತ್ತಿದ್ದೆ. ಅದೂ ಒಂದು ಸಿನಿಮಾದ ಮಾತು ಎಂದುಕೊಂಡು ಸುತ್ತುತ್ತಲೇ ಇದ್ದೆ. ಮರುವಾರ ಅವಳು ಇಂಗ್ಲಿಷಿನ ಒಂದು ಒಪ್ಪಿಗೆ ಪತ್ರ ತಂದಳು. ರಾಯರು ಅದನ್ನು ಪೂರ್ತಿ ಓದಿ, ಒಂದು ಕಡೆ ಅಲ್ಪವಿರಾಮ ತಿದ್ದಿ, ಮುತ್ತಿನಂತೆ ಸಹಿ ಮಾಡಿ, ಕೆಳಗೆ ತಾರೀಖು ಹಾಕಿದರು. ಆಗಸ್ಟಿನಲ್ಲಿ ಮಳೆ ಸುರಿಯಿತು, ಮಿಂಟೋ ಸೇತುವೆ ಕೆಳಗೆ ಬಸ್ಸು ಮುಳುಗಿತು, ನನ್ನ ಗಿಡಗಳು ಮರಳಿ ಬಂದವು, ಪ್ರೊಫೆಸರರ ಸಭಾಂಗಣದ ಕೆಲಸವೂ ಬಂತು. ನಾನು ಎಲ್ಲ ಮರೆತೆ.

ಸೆಪ್ಟೆಂಬರ್ ಕೊನೆಯಲ್ಲಿ ಒಂದು ಭಾನುವಾರ ಕರಿಬೇವು ಹಿಡಿದುಕೊಂಡು ಹೋದಾಗ ಇಂದಿರಮ್ಮ ಕಾಫಿ ಕೊಡಲಿಲ್ಲ. ಒಂದು ಕಾರ್ಡು ಮುಂದಿಟ್ಟರು. ಅದಿತಿ ತಾನೇ ಬಂದು, ಅಚ್ಚಾದ ಮೊದಲ ಆಹ್ವಾನಪತ್ರ ತಾತನಿಗೇ ಎಂದು ಕಾಲು ಮುಟ್ಟಿ ಕೊಟ್ಟು ಹೋಗಿದ್ದಳಂತೆ. ಕಾರ್ಡಿನ ತುಂಬ ರಾಯರ ಮುಖ. ಕೈಯಲ್ಲಿ ನನ್ನ ಚಹಾ ಬಣ್ಣದ ಎಲೆ. ಕೆಳಗೆ ‘ಮರೆಯುತ್ತಿರುವ ಮನುಷ್ಯ, ಮರೆಯದ ಗಿಡಗಳು’ ಎಂದು ಇಂಗ್ಲಿಷಿನಲ್ಲಿ. ಪ್ರದರ್ಶನ ದಸರಾ ಆದ ಮೇಲೆ. ಪ್ರೊಫೆಸರು ದಿಲ್ಲಿಯ ಕನ್ನಡಿಗರನ್ನೆಲ್ಲ ಕರೆಯುವವರಿದ್ದರು. ಮುಖ್ಯ ಅತಿಥಿ ರಾಯರ ಮಂತ್ರಾಲಯದ್ದೇ ಜಾಯಿಂಟ್ ಸೆಕ್ರೆಟರಿ, ಧಾರವಾಡದ ಕಡೆಯವರು, ಕಲೆ ಸಾಹಿತ್ಯ ಎಂದರೆ ಕುರ್ಚಿ ಬಿಟ್ಟು ಓಡಿಬರುವವರು.

“ಯಾರೂ ನೋಡಲ್ಲ ಅಂದ್ರಿ,” ಎಂದರು ಇಂದಿರಮ್ಮ. ಅಷ್ಟೇ. ದನಿ ಏರಿಸಲಿಲ್ಲ.

ರಾಯರು ಒಳಗಿನಿಂದ ಬಂದು ಕಾರ್ಡು ಎತ್ತಿ ನೋಡಿ, ಈತ ನಮ್ಮ ದೊಡ್ಡಣ್ಣನ ಹಾಗಿದ್ದಾನೆ ಎಂದು ಹೇಳಿ ಪುನಃ ಒಳಗೆ ಹೋದರು. ನಿವೃತ್ತಿಗೆ ನಾಲ್ಕು ತಿಂಗಳಿತ್ತು.

ನಾನು ನೇರ ವಸಂತ್ ಕುಂಜ್‌ಗೆ ಹೋದೆ. ಉಳಿದ ಕಾರ್ಡುಗಳನ್ನು ಇನ್ನೂ ಹಂಚಿರಲಿಲ್ಲ, ಅವು ಅವಳ ಮೇಜಿನ ಮೇಲೆ ಕಟ್ಟಾಗಿ ಬಿದ್ದಿದ್ದವು. ರಾಯರ ಭಾಗ ತೆಗೆದುಹಾಕು ಎಂದೆ. ಅದು ತನ್ನ ಸಿನಿಮಾದ ಹೃದಯ ಎಂದಳು. ಮುಂದಿನ ಸಲ ಬೇಕಾದ ಗಿಡವನ್ನೆಲ್ಲ ಪುಕ್ಕಟೆ ಕೊಡುತ್ತೇನೆ ಎಂದೆ, ನಕ್ಕಳು. ಅವಳಪ್ಪನಿಗೆ ಹೇಳುತ್ತೇನೆ ಎಂದೆ, ಇನ್ನೂ ನಕ್ಕಳು. ಕೊನೆಗೆ ಒಪ್ಪಿಗೆ ಪತ್ರ ತೆಗೆದು ತೋರಿಸಿದಳು: ತಾತ ಓದಿ ಸಹಿ ಮಾಡಿದ್ದಾರೆ. ಆ ಕಾಗದವನ್ನು ನಾನು ನಿಧಾನವಾಗಿ ನೋಡಿದೆ. ಸಹಿ ಚೆನ್ನಾಗಿತ್ತು. ತಾರೀಖಿನಲ್ಲಿ ಇಸವಿ ಮಾತ್ರ ಹತ್ತೊಂಬತ್ತು ವರ್ಷ ಹಿಂದಿನದು. ನನಗೆ ಗೆದ್ದೆ ಎನ್ನಿಸಿತು.

“ನೋಡಮ್ಮ, ಈ ಸಹಿ ನಡೆಯುತ್ತೆ ಅಂದ್ರೆ ಅವರಿಗೆ ನೆನಪಿದೆ, ನಿನ್ನ ಸಿನಿಮಾ ಸುಳ್ಳು. ಸಿನಿಮಾ ನಿಜ ಅಂದ್ರೆ ಈ ಸಹಿ ನಡೆಯಲ್ಲ. ಯಾವುದು ಬೇಕು ಹೇಳು.”

ಅವಳು ಯೋಚಿಸಿದಳು. ದಡ್ಡಿ ಎಂದುಕೊಂಡಿದ್ದೆ, ಅಲ್ಲ.

“ಅಚ್ಛಾ. ಹಾಗಾದ್ರೆ ಅಂಕಲ್, ಆಫೀಸಲ್ಲಿ ಅವ್ರು ದಿನಾ ಮಾಡೋ ಸಹಿ?”

ನಾನು ಬೀಸಿದ ಕತ್ತಿಯನ್ನೇ ತಿರುಗಿಸಿ ನನ್ನ ಕುತ್ತಿಗೆಗೆ ಇಟ್ಟಿದ್ದಳು. ಅವಳೇನೂ ಆಫೀಸಿಗೆ ಹೇಳಲು ಹೊರಟವಳಲ್ಲ. ಕೆಟ್ಟವಳಲ್ಲ ಎಂಬುದೇ ಅವಳ ಮೇಲಿನ ನನ್ನ ಕೋಪವನ್ನು ಹೆಚ್ಚಿಸುತ್ತಿತ್ತು. ಅವಳಿಗೆ ಅದೊಂದು ಸ್ವಾರಸ್ಯದ ಪ್ರಶ್ನೆ. ಹೊಟ್ಟೆ ತುಂಬಿದ ಜನಕ್ಕೆ ಎಲ್ಲವೂ ಸ್ವಾರಸ್ಯದ ಪ್ರಶ್ನೆಯೇ. ಮನುಷ್ಯ ಮರೆಯುವುದು ಎಷ್ಟು ಸುಂದರ ಎಂದು ಅವರು ಬೆಳಕು ಹೊಂದಿಸುತ್ತಾರೆ; ಆ ಮರೆವನ್ನು ಹೊತ್ತು ಬೆಳಿಗ್ಗೆ ಬಸ್ಸು ಹತ್ತಿಸುವ ಹೆಂಗಸು ಅವರ ಚೌಕಟ್ಟಿನಲ್ಲಿ ಬರುವುದಿಲ್ಲ.

ಮರುದಿನ ಸಂಜೆ ರಾಯರು ಆಫೀಸಿನಿಂದ ಬಂದ ಮೇಲೆ ಇಂದಿರಮ್ಮ ತಾವೇ ಬರುತ್ತೇನೆ ಎಂದರು. ರಾಯರನ್ನು ಬಿಟ್ಟು ಬರುವಂತಿಲ್ಲ, ಆದ್ದರಿಂದ ಇಬ್ಬರನ್ನೂ ಟೆಂಪೋದಲ್ಲಿ ಕೂರಿಸಿಕೊಂಡು ಹೋದೆ. ದಾರಿಯಲ್ಲಿ ಹೇಗೆ ಮಾತಾಡಬೇಕೆಂದು ಆಕೆಗೆ ಸಲಹೆ ಕೊಟ್ಟೆ: ಮೊದಲೇ ಅಳಬೇಡಿ, ಮೊದಲ ಮಾತು ಅವಳಾಡಲಿ, ಕುರ್ಚಿಯ ತುದಿಯಲ್ಲಿ ಕೂರಬೇಡಿ. ಆಕೆ ಕಿಟಕಿಯಾಚೆ ನೋಡುತ್ತಿದ್ದರು.

ಅದಿತಿಯ ಕೋಣೆಯಲ್ಲಿ ಇಂದಿರಮ್ಮ ಅಳಲಿಲ್ಲ, ಬೇಡಲೂ ಇಲ್ಲ. ಸಿನಿಮಾ ತೋರಿಸು ಎಂದರು. ಕಂಪ್ಯೂಟರಿನಲ್ಲಿ ಹನ್ನೆರಡು ನಿಮಿಷವನ್ನೂ ನೋಡಿದರು. ಎಲೆಗಳನ್ನು ಜೋಡಿಸುವಲ್ಲಿ ಒಂದು ಸಲ ತಲೆ ಅಲ್ಲಾಡಿಸಿದರು. ಮುಗಿದ ಮೇಲೆ ಎದ್ದು ಹೋಗಿ ಗಂಡನ ಅಂಗಿಯ ಜೇಬಿಗೆ ಕೈ ಹಾಕಿ, ಗುರುತಿನ ಚೀಟಿಯ ಹಿಂದಿನಿಂದ ಮಡಿಸಿದ ಒಂದು ಕಾಗದ ತೆಗೆದು ಅದಿತಿಯ ಕೈಗಿಟ್ಟರು. ಅದು ಕನ್ನಡದಲ್ಲಿತ್ತು. ಹುಡುಗಿಗೆ ಕನ್ನಡ ಓದಲು ಬರುತ್ತಿರಲಿಲ್ಲ. ಇಂದಿರಮ್ಮ ಹಿಂದಕ್ಕೆ ಪಡೆದು ತಾವೇ ಓದಿದರು.

“ಇವತ್ತು ಸೋಮವಾರ. ನಿಮ್ಮ ಮೇಜು ಕಿಟಕಿ ಪಕ್ಕದ್ದು. ಎಡಗಡೆ ಕೂರೋದು ನೇಗಿ, ಒಳ್ಳೆಯವನು, ಅವನಿಗೆ ತೋರಿಸದೆ ಏನೂ ಕಳಿಸಬೇಡಿ. ಯಾರಾದರೂ ಏನಾದರೂ ಕೇಳಿದರೆ ಫೈಲ್ ನೋಡಿ ಹೇಳ್ತೀನಿ ಅನ್ನಿ. ಡಬ್ಬೀಲಿ ಹೀರೇಕಾಯಿ ಪಲ್ಯ ಇದೆ. ಸಾಯಂಕಾಲ ಒಬ್ಬರೇ ಇಳೀಬೇಡಿ. ನಿಮ್ಮ ಹೆಂಡತಿ ಹೆಸರು ಇಂದಿರಾ.”

ದಿನಾ ಹೊಸದು ಬರೆಯುತ್ತಿದ್ದರಂತೆ, ಎರಡು ವರ್ಷದಿಂದ. ರಾಯರ ಸೆಕ್ಷನ್ನಿನಲ್ಲಿ ಯಾರ ಕೈಗೆ ಸಿಕ್ಕರೂ ಓದಲಾಗದಿರಲಿ ಎಂದು ಕನ್ನಡದಲ್ಲಿ. ಪ್ರತಿ ಭಾನುವಾರ ಅವರ ಮನೆಯಲ್ಲಿ ಕಾಫಿ ಕುಡಿದವನು ನಾನು, ನನಗೇ ಗೊತ್ತಿರಲಿಲ್ಲ. ರಾಯರು ಕಪಾಟಿನ ಪುಸ್ತಕಗಳ ಅಂಚು ಸರಿಮಾಡುತ್ತಿದ್ದರು. ಆಗ ಅದಿತಿ ಏನು ಕೇಳಿದಳು ಗೊತ್ತೆ?

“ಆಂಟಿ, ಇದನ್ನ ನಾನು ಶೂಟ್ ಮಾಡ್ಲಾ?”

ನನಗೆ ಅವಳ ಕ್ಯಾಮರಾವನ್ನು ಕಿಟಕಿಯಿಂದ ಎಸೆಯಬೇಕೆನ್ನಿಸಿತು. ಇಂದಿರಮ್ಮ ಮಾತ್ರ ಆ ಪ್ರಶ್ನೆಗೇ ಕಾದಿದ್ದವರಂತೆ ಕಾಗದ ಮಡಿಸಿದರು.

“ಮಾಡು. ಜನವರಿ ಮೂವತ್ತೊಂದು ಕಳೀಲಿ. ಹೀಗೆ ಬರೆದದ್ದು ಒಂದು ಡಬ್ಬಿ ತುಂಬ ಇದೆ, ನಾನೇ ಕೂತು ಎಲ್ಲ ಓದ್ತೀನಿ, ಎಷ್ಟು ಹೊತ್ತು ಬೇಕಾದ್ರೂ ತೆಗಿ. ಈಗ ಅವರನ್ನ ನಿನ್ನ ಸಿನಿಮಾದಿಂದ ಬಿಡು.”

ಹುಡುಗಿ ಆಕೆಯ ಮುಖ ನೋಡಿದಳು, ಕಾಗದ ನೋಡಿದಳು, ಮೇಜಿನ ಮೇಲಿನ ಕಾರ್ಡುಗಳ ಕಟ್ಟನ್ನು ಎತ್ತಿ ಕಸದ ಬುಟ್ಟಿಗೆ ಹಾಕಿದಳು. ನಾನು ಎರಡು ದಿನದಿಂದ ಗುದ್ದಾಡಿದ್ದು ಹೀಗೆ ಎರಡು ಮಾತಿನಲ್ಲಿ ಮುಗಿಯಿತು. ಎದುರಿನವನಿಗೆ ಬೇಕಾದದ್ದು ಯಾವುದೆಂದು ತಿಳಿದು, ಅದನ್ನು ಮುಚ್ಚಿಡದೆ ಅವನ ಮುಂದೆಯೇ ಬಿಚ್ಚಿಟ್ಟು, ತಾರೀಖು ಮಾತ್ರ ನಮ್ಮ ಕೈಯಲ್ಲಿಟ್ಟುಕೊಳ್ಳುವುದು. ಇದಕ್ಕಿಂತ ದೊಡ್ಡ ಪಾಠ ನನ್ನ ಹತ್ತಿರ ಇಲ್ಲ, ಇದೂ ನನ್ನದಲ್ಲ. 

ಪ್ರದರ್ಶನದ ದಿನ ಸಭಾಂಗಣ ತುಂಬಿತ್ತು. ಕುಂಡಗಳು ನನ್ನವೇ. ಮಂತ್ರಾಲಯದ ಕನ್ನಡದವರೆಲ್ಲ ಬರಬೇಕೆಂದು ಜಾಯಿಂಟ್ ಸೆಕ್ರೆಟರಿ ಹೇಳಿಕಳಿಸಿದ್ದರು, ಆದ್ದರಿಂದ ರಾಯರೂ ಬಂದರು, ಇಂದಿರಮ್ಮನ ಪಕ್ಕ ಮೂರನೆಯ ಸಾಲಿನಲ್ಲಿ ಕೂತರು. ರಾಯರಿಲ್ಲದ ಸಿನಿಮಾ ಎಂದರೆ ರಬ್ಬರ್ ಗಿಡ, ಇರುವೆ, ಬಟ್ಟೆ ಹೊದ್ದ ನೀರಿನ ಟ್ಯಾಂಕು, ಒಂದು ಖಾಲಿ ಬೆತ್ತದ ಕುರ್ಚಿ, ವಿಮಾನದ ಸದ್ದು. ಮುಗಿದಾಗ ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ಒಬ್ಬ ವಿಮರ್ಶಕ ಮೈಕು ಹಿಡಿದು ಆ ಖಾಲಿ ಕುರ್ಚಿಯ ಬಗ್ಗೆ ಕಾಲು ಗಂಟೆ ಮಾತಾಡಿದ. ಇಲ್ಲದಿರುವಿಕೆಯನ್ನು ಇಷ್ಟು ಸಮೃದ್ಧವಾಗಿ ತೋರಿಸಿದವರಿಲ್ಲ ಎಂದ. ಇರಲಿಕ್ಕಿಲ್ಲ. ಆ ಕುರ್ಚಿ ಖಾಲಿಯಾದದ್ದು ಹೇಗೆಂದು ಹೇಳಿದ್ದರೆ ಆತ ಬಹುಶಃ ಇನ್ನೂ ಕಾಲು ಗಂಟೆ ಮಾತಾಡುತ್ತಿದ್ದ. ಅದಿತಿ ವೇದಿಕೆಯ ಮೇಲೆ ಕೈ ಕಟ್ಟಿ ನಿಂತಿದ್ದಳು, ನಗಲಿಲ್ಲ. ಅಷ್ಟರ ಮಟ್ಟಿಗೆ ಅವಳಿಗೆ ಅಂಕ ಕೊಡುತ್ತೇನೆ.

ಆಮೇಲೆ ಚಹಾದ ಹೊತ್ತಿಗೆ ಜಾಯಿಂಟ್ ಸೆಕ್ರೆಟರಿ ಸೀದಾ ರಾಯರ ಹತ್ತಿರವೇ ಬಂದರು. ನಾನು ಕುಂಡ ಎತ್ತುವ ನೆಪದಲ್ಲಿ ಸಮೀಪದಲ್ಲೇ ಇದ್ದೆ. ಇಂದಿರಮ್ಮ ಗಂಡನ ತೋಳು ಹಿಡಿದದ್ದು ಕಂಡಿತು.

“ಏನ್ರೀ ಶಾಮರಾವ್, ಹೆಂಗನಸ್ತು ಪಿಕ್ಚರು? ಸುಮ್ನ ಛಲೋ ಅನ್ಬ್ಯಾಡ್ರಿ, ಖರೆ ಹೇಳ್ರಿ.”

ರಾಯರು ಸಾಹೇಬರ ಮುಖವನ್ನು ಗುರುತಿಸಿದರೆಂದು ನನಗನ್ನಿಸಲಿಲ್ಲ. ಎದುರಿಗೆ ಮೇಲಿನವರೊಬ್ಬರು ನಿಂತಿದ್ದಾರೆ, ಅಭಿಪ್ರಾಯ ಕೇಳುತ್ತಿದ್ದಾರೆ ಎಂಬಷ್ಟು ತಿಳಿಯಿತು. ಬೆನ್ನು ನೆಟ್ಟಗೆ ಮಾಡಿದರು.

“ನೋಡಿದೆ ಸಾರ್. ಹಿಂದಿನ ಕಾಗದ ಲಗತ್ತಿಸಿಲ್ಲ. ಈ ಹಂತದಲ್ಲಿ ಏನೂ ಹೇಳೋಕಾಗಲ್ಲ.”

ಸಾಹೇಬರು ಹೊಟ್ಟೆ ಹಿಡಿದುಕೊಂಡು ನಕ್ಕರು. ಸುತ್ತಲಿನವರೂ ನಕ್ಕರು, ಮೇಲಿನವರು ನಕ್ಕಾಗ ನಗುವುದು ಅವರ ಕೆಲಸ. ಇಡೀ ಸಂಜೆಯಲ್ಲಿ ಖರೆ ಮಾತು ಇದೊಂದೇ ಎಂದು ಸಾಹೇಬರು ರಾಯರ ಬೆನ್ನು ತಟ್ಟಿ, ಇಂಥ ಚುರುಕು ಮನುಷ್ಯ ಜನವರಿಗೆ ಹೋಗಿಬಿಡುತ್ತಾನಲ್ಲ ಎಂದು ಎಲ್ಲರಿಗೂ ಕೇಳುವಂತೆ ಹೇಳಿದರು. ಅದೇ ಮಾತನ್ನು ಆ ಸಾಹೇಬರು ಮುಂದೆ ಮೂರು ತಿಂಗಳು ಕಾರಿಡಾರಿನಲ್ಲಿ ಹೇಳಿಕೊಂಡು ತಿರುಗಿದರಂತೆ. ಆಮೇಲೆ ರಾಯರ ಫೈಲನ್ನು ಅನುಮಾನದಿಂದ ತೆರೆಯುವ ಧೈರ್ಯ ಯಾರಿಗೆ?

ಅದಿತಿಯ ಸಿನಿಮಾ ಎರಡು ಮೂರು ದೇಶ ಸುತ್ತಿತು. ಅದರ ಹಿಂದೆಯೇ ಅವಳೂ ಹೋದಳು. ಫೆಬ್ರವರಿಯಲ್ಲಿ ಕಾಗದಗಳ ಡಬ್ಬಿ ತೆಗೆಯಲು ಬರಲೇ ಇಲ್ಲ. ಆ ಹೊತ್ತಿಗೆ ನೆನಪಿನಲ್ಲಿ ಅವಳ ಆಸಕ್ತಿ ಮುಗಿದು, ನೀರಿನ ಬಗ್ಗೆ ಏನೋ ತೆಗೆಯುತ್ತಿದ್ದಾಳೆಂದು ಅವಳಪ್ಪ ಹೇಳಿದರು.

ಜನವರಿ ಮೂವತ್ತೊಂದರಂದು ಮಧ್ಯಾಹ್ನದವರೆಗೂ ಮಂಜು ಕರಗಿರಲಿಲ್ಲ. ಆಫೀಸಿನಲ್ಲಿ ಹಾರ, ಸಮೋಸಾ, ಒಂದು ಸೂಟ್‌ಕೇಸು, ಭಾಷಣ. ನೇಗಿ ಮಾತ್ರ ಎಲ್ಲರ ಹಿಂದೆ ನಿಂತಿದ್ದ. ಸಂಜೆ ಗಂಡ ಹೆಂಡತಿಯನ್ನು ನಾನೇ ಮನೆಗೆ ತಂದು ಬಿಟ್ಟೆ. ಅಕ್ಟೋಬರಿನಿಂದ ಇಂದಿರಮ್ಮ ನನ್ನನ್ನು ಬಾಗಿಲಿನಿಂದಾಚೆಯೇ ಮಾತಾಡಿಸಿ ಕಳಿಸುತ್ತಿದ್ದರು, ಆದ್ದರಿಂದ ಸೂಟ್‌ಕೇಸನ್ನು ಹೊಸ್ತಿಲಿನಲ್ಲಿಟ್ಟು ನಿಂತೆ.

ರಾಯರು ಹಾರವನ್ನೂ ತೆಗೆಯದೆ ಮಂಚದ ಮೇಲೆ ಕೂತು, ನಾಳೆ ಬಸ್ಸು ಎಷ್ಟು ಹೊತ್ತಿಗೆ ಎಂದು ಕೇಳಿದರು. ಇಂದಿರಮ್ಮ ಅವರ ಮುಂದೆ ನೆಲದ ಮೇಲೆ ಕೂತರು. ಬೂಟಿನ ದಾರಕ್ಕೆ ಕೈ ಹಾಕಿದರು.

“ಬಸ್ಸಿಲ್ಲ. ಇನ್ನು ಮರೀಬಹುದು ನೀವು. ಎಲ್ಲಾ ಮರೀಬಹುದು.”

ರಾಯರು ಆ ಮಾತನ್ನು ಸ್ವಲ್ಪ ಹೊತ್ತು ಪರಿಶೀಲಿಸಿದರು.

“ಆರ್ಡರ್ ಬಂದಿದೆಯಾ?”

“ಬಂದಿದೆ,” ಎಂದು ಇಂದಿರಮ್ಮ ಎರಡನೆಯ ಬೂಟನ್ನೂ ಬಿಚ್ಚಿದರು.